ತೊಂಬತ್ತೊಂದನೇ ನಂಬರಿನ ಕೆರೆ

ಸರಪಣಿ ನಾರಾಯಣಪ್ಪನಷ್ಟು ದೊಡ್ಡ ದಡ್ಡ ಹೊಸೂರು ತಾಲ್ಲೂಕಿನಲ್ಲೇ ಹುಟ್ಟಿಲ್ಲ ಎಂದರೆ ಮಿಕ್ಕವರಿಗೆ ಅನ್ಯಾಯವಾಗುತ್ತದೆ. ನಮ್ಮ ತಾಲ್ಲೂಕಿನಲ್ಲಿ ಪೈಪೋಟಿ ಜೋರು. ಆದರೆ ಮಿಕ್ಕ ದಡ್ಡರು ತಮ್ಮ ದಡ್ಡತನವನ್ನು ಮನೆಯ ಅಟ್ಟದ ಮೇಲೆ ಮುಚ್ಚಿಟ್ಟುಕೊಂಡು ಮಾನವಾಗಿ ಬದುಕಿದರು. ಇವನು ಮಾತ್ರ ತನ್ನದನ್ನು ಹೊರಗೆ ತಂದು, ನಾಲ್ಕು ಮೂಲೆಗೂ ಕಲ್ಲು ನೆಟ್ಟು, ಇದು ಇಷ್ಟು ಎಕರೆ ಇಷ್ಟು ಸೆಂಟು ಎಂದು ಊರಿಗೆಲ್ಲ ತೋರಿಸಿದ.

ಅವನ ಊರು ಬೇರಿಕೆಯಿಂದ ಎರಡು ಮೈಲಿ ಒಳಗೆ. ಅಲ್ಲಿ ಕನ್ನಡದಲ್ಲಿ ಬೈಯುತ್ತಾರೆ, ತೆಲುಗಿನಲ್ಲಿ ಬೀಗತನ ಮಾಡುತ್ತಾರೆ, ತಮಿಳಿನಲ್ಲಿ ಅರ್ಜಿ ಬರೆಸುತ್ತಾರೆ. ನಾರಾಯಣಪ್ಪನಿಗೆ ಮೂರೂ ಭಾಷೆ ಬರುತ್ತಿದ್ದವು, ಹೇಳುವುದಕ್ಕೆ ಮಾತ್ರ ಒಂದರಲ್ಲೂ ಏನೂ ಇರಲಿಲ್ಲ. ಅದು ಅವನನ್ನು ಎಂದೂ ತಡೆಯಲಿಲ್ಲ.

ಅವನ ಉದ್ಯೋಗ ಸರ್ವೆ ಇಲಾಖೆಯಲ್ಲಿ ಸರಪಣಿ ಹಿಡಿಯುವುದು. ಹೊಲ ಅಳೆಯುವಾಗ ನೂರು ಕೊಂಡಿಯ ಕಬ್ಬಿಣದ ಸರಪಣಿಯ ಮುಂದಿನ ತುದಿ ಹಿಡಿದು ಒಬ್ಬ ನಡೆಯುತ್ತಾನೆ, ಹಿಂದಿನ ತುದಿ ಹಿಡಿದು ಇನ್ನೊಬ್ಬ ನಿಲ್ಲುತ್ತಾನೆ. ನಾರಾಯಣಪ್ಪ ನಿಲ್ಲುವವನು. ಮೂವತ್ತು ವರ್ಷ ಸರ್ಕಾರ ಅವನಿಗೆ ನಿಂತಿದ್ದಕ್ಕೆ ಸಂಬಳ ಕೊಟ್ಟಿತು. ಆ ಕೆಲಸಕ್ಕೆ ಒಂದು ಗೂಟ ಸಾಕಾಗಿತ್ತು. ಆದರೆ ಗೂಟಕ್ಕೆ ಖಾಕಿ ಕೋಟು ಹಾಕಿಸಿದರೆ ನೋಡಿದವರು ನಗುತ್ತಾರೆಂದು ಇವನನ್ನು ಇಟ್ಟುಕೊಂಡಿರಬೇಕು. ಊರಿಗೆ ಬಂದಾಗ ಮಾತ್ರ ಅವನು ಭೂಮಿಯನ್ನು ತಾನೇ ಹಾಸಿದವನಂತೆ ಮಾತಾಡುತ್ತಿದ್ದ. ರಾಯಕೋಟೆ ಬೆಟ್ಟ ಮೊದಲು ಈಗಿರುವ ಜಾಗದಲ್ಲಿ ಇರಲಿಲ್ಲವಂತೆ, ಅಳತೆಗೆ ಅಡ್ಡ ಬಂತೆಂದು ಇವನು ಎರಡು ಕೊಂಡಿ ಪಕ್ಕಕ್ಕೆ ಸರಿಸಿದನಂತೆ. ಹೆಂಡತಿ ಲಕ್ಷ್ಮಿದೇವಮ್ಮ ತಟ್ಟೆಗೆ ಮುದ್ದೆ ಹಾಕಿದರೆ ಗೇಣು ಹಾಕಿ ನೋಡಿ ಆಮೇಲೆ ಮುರಿಯುತ್ತಿದ್ದ. ಒಮ್ಮೆ ಮುದ್ದೆ ಅರ್ಧ ಬೆರಳು ಕಮ್ಮಿ ಬಂದಿತೆಂದು ಬೆಳಿಗ್ಗೆಯಿಂದ ಸಂಜೆವರೆಗೆ ಉಪವಾಸ ಕೂತು ಆಕೆಯಿಂದ ತಪ್ಪೊಪ್ಪಿಗೆ ಕೇಳಿದ. ಆಕೆ ಆ ಮುದ್ದೆಯನ್ನು ಎಮ್ಮೆಗೆ ಹಾಕಿದಳು, ಎಮ್ಮೆ ಅಳೆಯದೆ ತಿಂದಿತು.

ಎಪ್ಪತ್ತರ ದಶಕದಲ್ಲಿ ಹೊಸೂರಿನ ಸುತ್ತ ಕಾರ್ಖಾನೆಗಳಿಗೆಂದು ಹೊಲಗಳನ್ನು ಅಳೆದರಲ್ಲ, ಅಲ್ಲೂ ಹಿಂದಿನ ತುದಿ ಹಿಡಿದು ನಿಂತ. ಭೂಮಿ ಕಳೆದುಕೊಂಡವರು ಸರ್ವೆಯರನ್ನು ಬೈದರು, ತಹಸೀಲ್ದಾರರನ್ನು ಬೈದರು, ಮಂತ್ರಿಗಳನ್ನು ಬೈದರು, ಮುಂದಿನ ತುದಿ ಹಿಡಿದವನಿಗೂ ಎರಡು ಶಾಪ ಹಾಕಿದರು. ಇವನನ್ನು ಯಾರೂ ಏನೂ ಅನ್ನಲಿಲ್ಲ. ತನಗೆ ಬೈಸಿಕೊಳ್ಳುವಷ್ಟು ದರ್ಜೆಯೂ ಇಲ್ಲ ಎಂಬುದು ಅವನಿಗೆ ಬಹಳ ದಿನ ನೋವು ಕೊಟ್ಟಿತು.

ಆದರೂ ಅವನ ಹತ್ತಿರ ಒಂದೇ ಒಂದು ಬೆಲೆಯುಳ್ಳ ವಸ್ತು ಇತ್ತು. ಅದು ಅವನ ನೆನಪು. ಗಡಿಕಲ್ಲು ನೆಡುವಾಗ ನಮ್ಮ ಕಡೆಯ ಹಳೆಯ ಸರ್ವೆಯವರು ಗುಂಡಿಯ ತಳದಲ್ಲಿ ಒಂದು ಬೊಗಸೆ ಇದ್ದಿಲು, ಎರಡು ಮಡಕೆಚೂರು ಹಾಕಿ ಮೇಲೆ ಕಲ್ಲು ನಿಲ್ಲಿಸುತ್ತಿದ್ದರು. ಕಲ್ಲನ್ನು ಯಾರಾದರೂ ಕೀಳಬಹುದು. ಇದ್ದಿಲು ಕೆಳಗಿರುವುದು ಕಿತ್ತವನಿಗೆ ಗೊತ್ತಿರುವುದಿಲ್ಲ. ಅದು ಕೊಳೆಯುವುದಿಲ್ಲ, ಗೆದ್ದಲು ತಿನ್ನುವುದಿಲ್ಲ. ಇದ್ದಿಲು ಹಾಕುವ ಕೆಲಸ ಸರಪಣಿಯವನದು, ಅದನ್ನು ಬಾಯಿಬಿಡಬಾರದೆಂದು ಕಟ್ಟಳೆ. ಯಾವ ಹೊಲದ ಯಾವ ಮೂಲೆಯಲ್ಲಿ ಎಷ್ಟು ಆಳದಲ್ಲಿ ಇದ್ದಿಲಿದೆ ಎಂದು ನಾರಾಯಣಪ್ಪ ಕಣ್ಣು ಮುಚ್ಚಿ ಹೇಳಬಲ್ಲವನಾಗಿದ್ದ. ದೇವರು ಇಂಥ ತಲೆಗೆ ಇಂಥ ನೆನಪು ಕೊಟ್ಟದ್ದು, ಬೋಳನ ಮನೆಗೆ ಬಾಚಣಿಗೆ ಕೊಟ್ಟಂತೆ.

ಎಂಬತ್ತನಾಲ್ಕರಲ್ಲಿ ನಿವೃತ್ತನಾದ. ಮನೆಯ ಜಗಲಿಯನ್ನು ಹದಿನಾರು ಸಲ ಅಳೆದ ಮೇಲೆ ಅಳೆಯುವುದಕ್ಕೆ ಇನ್ನೇನೂ ಉಳಿಯದೆ, ದಿನಾ ಬಸ್ಸು ಹತ್ತಿ ಹೊಸೂರಿಗೆ ಹೋಗತೊಡಗಿದ. ಅಲ್ಲಿ ಅವನ ಅಕ್ಕನ ಮಗ ಚಿನ್ನಸ್ವಾಮಿ ಟೈಪಿಂಗ್ ಇನ್‌ಸ್ಟಿಟ್ಯೂಟ್ ನಡೆಸುತ್ತಿದ್ದ. ಆರು ಟೈಪ್‌ರೈಟರ್, ಅದರಲ್ಲಿ ನಾಲ್ಕಕ್ಕೆ ಎಲ್ಲ ಅಕ್ಷರಗಳೂ ಇದ್ದವು. ಎಂಬತ್ತಾರರ ಆರಂಭದಲ್ಲಿ ಚಿನ್ನಸ್ವಾಮಿ ಕಾರ್ಖಾನೆಯ ಎಂಜಿನಿಯರೊಬ್ಬರಿಂದ ಒಂದು ಹಳೆಯ ಕಂಪ್ಯೂಟರ್ ಕೊಂಡು ತಂದು ಮನೆಯ ಕಪ್ಪುಬಿಳುಪು ಟಿ.ವಿ.ಗೆ ಸಿಕ್ಕಿಸಿದ. ಬೋರ್ಡಿನ ಮೇಲೆ ಕಂಪ್ಯೂಟರ್ ಸೆಂಟರ್ ಎಂದು ಸೇರಿಸಿ ಬರೆಸಿದ. ಜನ ಒಳಗೆ ಬರಲೆಂದು, ಎಂಜಿನಿಯರ್ ಜೊತೆಗೆ ಕೊಟ್ಟ ಒಂದು ಆಟವನ್ನು ಓಡಿಸಿ ಇಡುತ್ತಿದ್ದ.

ಅದು ರಾಜ್ಯ ಆಳುವ ಆಟ. ಕ್ಯಾಸೆಟ್ಟು ಹಾಕಿದರೆ ಹತ್ತು ನಿಮಿಷ ಹಂದಿ ಕೊಯ್ದಂತೆ ಕಿರುಚಿ, ಆಮೇಲೆ ಟಿ.ವಿ.ಯಲ್ಲಿ ಒಂದು ದೇಶ ಮೂಡುತ್ತಿತ್ತು. ಬೆಟ್ಟ, ಕಾಡು, ಹೊಳೆ, ಎರಡು ಮೂರು ಊರು. ಒಂದು ಊರು ನಿನ್ನದು. ಬೆಳೆ ಬೆಳೆಯಬೇಕು, ಕೋಟೆ ಕಟ್ಟಬೇಕು, ದಂಡು ಕೂಡಿಸಿ ಪಕ್ಕದ ಊರಿನ ಮೇಲೆ ಬೀಳಬೇಕು. ಶುರುವಿಗೆ ಮಾತ್ರ ಅದು ಒಂದು ನಂಬರು ಕೇಳುತ್ತಿತ್ತು. ಕೊಟ್ಟ ನಂಬರಿನಿಂದ ಮಿಶಿನ್ನು ತನ್ನೊಳಗೆ ಲೆಕ್ಕ ಹಾಕಿ ದೇಶವನ್ನು ಹೊಸೆಯುತ್ತಿತ್ತು. ಬೇರೆ ನಂಬರು ಕೊಟ್ಟರೆ ಬೇರೆ ದೇಶ, ಅದೇ ನಂಬರು ಕೊಟ್ಟರೆ ಅದೇ ದೇಶ.

ನಾರಾಯಣಪ್ಪ ಮೊದಲ ದಿನ ನೋಡಿದ್ದು ನೂರ ನಲವತ್ತೇಳನೇ ನಂಬರಿನ ದೇಶ. ಆ ನಂಬರು ಕೊಟ್ಟವನೂ ಅವನೇ. ಯಾವುದಾದರೊಂದು ನಂಬರು ಹೇಳು ಮಾವ ಎಂದು ಅಳಿಯ ಕೇಳಿದಾಗ ಬಾಯಿಗೆ ಬಂದದ್ದು ತನ್ನ ಹೊಲದ ಸರ್ವೆ ನಂಬರು. ಪರದೆಯಲ್ಲಿ ಉತ್ತರಕ್ಕೆ ಒಂದು ಗುಡ್ಡ, ಪೂರ್ವಕ್ಕೆ ಒಂದು ಹೊಳೆ ಮೂಡಿತು. ನಾರಾಯಣಪ್ಪನ ಹೊಲದ ಉತ್ತರಕ್ಕೆ ಬಂಡೆಗುಂಡು ಇದೆ, ಪೂರ್ವಕ್ಕೆ ಹಳ್ಳ ಇದೆ. ನಮ್ಮ ಸೀಮೆಯಲ್ಲಿ ಯಾವ ಹೊಲದಲ್ಲಿ ನಿಂತು ಯಾವ ಕಡೆ ಕಲ್ಲೆಸೆದರೂ ಅದು ಒಂದು ಬಂಡೆಗೆ ತಗುಲಿ ಒಂದು ಹಳ್ಳಕ್ಕೆ ಬೀಳುತ್ತದೆ, ಆ ಮಾತು ಬೇರೆ. ಅವನ ಮೈಮೇಲಿನ ಕೂದಲು ಎದ್ದು ನಿಂತವು.

ಅಷ್ಟರಲ್ಲಿ ಕರೆಂಟು ಹೋಯಿತು, ದೇಶ ಹೋಯಿತು. ಅರ್ಧ ಗಂಟೆ ಬಿಟ್ಟು ಕರೆಂಟು ಬಂದಾಗ ಚಿನ್ನಸ್ವಾಮಿ ಮತ್ತೆ ಕ್ಯಾಸೆಟ್ಟು ಕಿರುಚಿಸಿ ನೂರ ನಲವತ್ತೇಳು ಒತ್ತಿದ. ಅದೇ ಗುಡ್ಡ, ಅದೇ ಹೊಳೆ, ಒಂದು ಚುಕ್ಕೆ ಅತ್ತಿತ್ತ ಇಲ್ಲ. ನಾರಾಯಣಪ್ಪ ಎದ್ದು ನಿಂತು ಟಿ.ವಿ.ಗೆ ಕೈಮುಗಿದ. ಮೂವತ್ತು ವರ್ಷ ಇಲಾಖೆಯಲ್ಲಿ ಅವನು ನೋಡಿದ ಕಾಗದಗಳು ಒಂದೊಂದು ಸಲ ತೆಗೆದಾಗ ಒಂದೊಂದು ಹೇಳುತ್ತಿದ್ದವು. ಅಳಿಸಿ ಹೋಗಿ ಮತ್ತೆ ಹಾಗೇ ಬರುವ ದಾಖಲೆಯನ್ನು ಅವನು ಅಂದೇ ಮೊದಲು ನೋಡಿದ್ದು.

ಚಿನ್ನಸ್ವಾಮಿ ಬಿಡಿಸಿ ಹೇಳಲು ನೋಡಿದ. ಪರದೆಯ ಮೇಲೆ ನಂಬರು ಕೇಳುವ ಕಡೆ ಇಂಗ್ಲಿಷಿನಲ್ಲಿ ಬೀಜ ಎಂದೇ ಬರೆದಿದೆ ಎಂದು ಬೆರಳಿಟ್ಟು ತೋರಿಸಿದ.

"ನಂಬ್ರು ಅಂದ್ರೆ ಬೀಜ ಇದ್ದಂಗೆ ಮಾವ. ಅದೇ ಬೀಜ ಹಾಕಿದ್ರೆ ಅದೇ ಗಿಡ ಬತ್ತದೆ. ನಿನ್ನ ಹೊಲಕ್ಕೂ ಇದಕ್ಕೂ ಏನೂ ಸಂಬಂಧ ಇಲ್ಲ."

"ಬೀಜ ಹಾಕೋದು ಎಲ್ಲಿಗ್ಲಾ? ಹೊಲಕ್ಕೆ ತಾನೆ?" ಎಂದ ನಾರಾಯಣಪ್ಪ. "ನಂಬ್ರು ಹಾಕೋದೂ ಹೊಲಕ್ಕೇ. ನಂಗೇ ಹೇಳ್ಕೊಡೋಕೆ ಬರ್ತೀಯಾ ನೀನು?"

ಅಂದಿನಿಂದ ಅವನು ಒಂದು ಉದ್ದನೆಯ ನೋಟುಬುಕ್ಕು ಹಿಡಿದು ದಿನಕ್ಕೆ ಏಳೆಂಟು ಸರ್ವೆ ನಂಬರುಗಳನ್ನು ಒತ್ತಿಸಿ, ಮೂಡಿದ ದೇಶಗಳನ್ನು ಪೆನ್ಸಿಲಿನಲ್ಲಿ ಇಳಿಸಿಕೊಂಡು ಊರಿಗೆ ಬರತೊಡಗಿದ. ಊರಿನ ಜನ ಬುದ್ಧಿವಂತರಾಗಿದ್ದರೆ ಕಥೆ ಇಲ್ಲಿಗೇ ಮುಗಿಯುತ್ತಿತ್ತು. ಅವರು ಅವನ ಜಗಲಿಯ ಮುಂದೆ ಸಾಲು ನಿಂತರು. ಮುನಿವೆಂಕಟಪ್ಪನ ತೋಟ ಸಮುದ್ರದ ನಡುವೆ ಇದೆ ಎಂದು ನೋಟುಬುಕ್ಕು ಹೇಳಿತು. ಅವನು ಒಂದು ವಾರ ಬಾವಿಯ ನೀರನ್ನು ನೆಕ್ಕಿ ನೆಕ್ಕಿ ನೋಡಿ, ಕೊನೆಗೆ ಸ್ವಲ್ಪ ಉಪ್ಪಾಗಿದೆ ಎಂದು ಒಪ್ಪಿಕೊಂಡ. ಆವುಲಪ್ಪನ ಹುರುಳಿ ಹೊಲದಲ್ಲಿ ಕೋಟೆ ಬಂತು. ಅವನ ಹೆಂಡತಿ ಬೀದಿಯಲ್ಲಿ ನಡೆಯುವ ರೀತಿಯೇ ಬದಲಾಯಿತು, ಕೊಳಾಯಿಯ ಹತ್ತಿರ ಬಿಂದಿಗೆ ಎತ್ತಲು ಬೇರೆಯವರನ್ನು ಕರೆಯುವಷ್ಟಾದಳು. ನನ್ನ ನಂಬರನ್ನೂ ಯಾರೋ ಕೊಟ್ಟು ಬಂದಿದ್ದರು, ಯಾರೆಂದು ಕೇಳಬೇಡಿ.

ಇಷ್ಟಕ್ಕೇ ನಿಂತಿದ್ದರೆ ನಕ್ಕು ಸುಮ್ಮನಾಗಬಹುದಿತ್ತು. ಆದರೆ ಅಕ್ಕಯಮ್ಮನ ದಾರಿಯ ವಿಷಯ ಬಂತು.

ಅಕ್ಕಯಮ್ಮ ಗಂಡ ತೀರಿಕೊಂಡವಳು. ಅವಳ ಎರಡು ಎಕರೆ ರಾಗಿ ಹೊಲ ಪಾಪಯ್ಯನ ಹೊಲದ ಹಿಂದಕ್ಕಿದೆ. ಬಂಡಿ ಹೋಗಬೇಕಾದರೆ ಪಾಪಯ್ಯನ ಹೊಲದ ಅಂಚಿನಲ್ಲಿ ಹಾಯಬೇಕು, ಬೇರೆ ಕಡೆಯೆಲ್ಲ ಬಂಡೆ. ಎಪ್ಪತ್ತೊಂದರಲ್ಲಿ ಅವಳ ಮಾವನೂ ಪಾಪಯ್ಯನ ಅಪ್ಪನೂ ಒಪ್ಪಿ ಬಂಡಿದಾರಿಗೆಂದು ಒಂದು ಪಟ್ಟೆ ಬಿಟ್ಟು, ಅಳೆಸಿ, ನಾಲ್ಕು ಕಲ್ಲು ನೆಡಿಸಿದ್ದರು. ಇಬ್ಬರೂ ಸತ್ತರು. ಒಪ್ಪಂದದ ಕಾಗದ ಬರೆದ ಊರ ಕರಣಿಕನೂ ಸತ್ತ, ಅವನ ಪೆಟ್ಟಿಗೆಯನ್ನು ಗೆದ್ದಲು ಓದಿ ಮುಗಿಸಿತು. ಪಾಪಯ್ಯ ಇಷ್ಟಕ್ಕೇ ಕಾಯುತ್ತಿದ್ದ. ಹಿಂದಿನ ವರ್ಷ ನಾಲ್ಕೂ ಕಲ್ಲನ್ನು ಕಿತ್ತು ದನದ ಕೊಟ್ಟಿಗೆಗೆ ಹಾಸಿ, ದಾರಿಯನ್ನು ಉತ್ತು, ಮುಳ್ಳುಬೇಲಿ ಹಾಕಿದ.

ಆ ಸುಗ್ಗಿಯಲ್ಲಿ ಅಕ್ಕಯಮ್ಮ ರಾಗಿ ಹೊರೆಗಳನ್ನು ತಲೆಯ ಮೇಲೆ ಬಂಡೆ ಹತ್ತಿಸಿ ಇಳಿಸಿ ಸಾಗಿಸಿದಳು. ಅರ್ಧ ತೆನೆ ದಾರಿಯಲ್ಲೇ ಉದುರಿತು. ಇನ್ನೊಂದು ಸುಗ್ಗಿ ಹೀಗಾದರೆ ಅವಳು ಹೊಲ ಬಿಡಲೇಬೇಕು, ಬಿಟ್ಟರೆ ತಾನೇ ಕೊಳ್ಳಬೇಕು, ಬೇರೆ ಯಾರೂ ದಾರಿಯಿಲ್ಲದ ಹೊಲ ಕೊಳ್ಳುವುದಿಲ್ಲ ಎಂಬುದು ಪಾಪಯ್ಯನ ಎಣಿಕೆ. ಅದನ್ನು ಅವನು ಮುಚ್ಚಿಡಲೂ ಇಲ್ಲ. ತನ್ನ ಹಲ್ಲು ತಾನೇ ಎಣಿಸಿಕೊಳ್ಳುವಂತೆ ನಗುತ್ತಿದ್ದ ಮನುಷ್ಯ ಅವನು.

ಬೇಸಿಗೆ ಕೊನೆಗೆ ತಾಲ್ಲೂಕು ಕಚೇರಿಯಲ್ಲಿ ಜಮಾಬಂದಿ. ಜಿಲ್ಲೆಯಿಂದ ದೊಡ್ಡ ಅಧಿಕಾರಿ ಬಂದು ಕೂತು, ಊರೂರಿನ ಲೆಕ್ಕ ನೋಡಿ, ಜನರ ಅರ್ಜಿ ಕೇಳುತ್ತಾರೆ. ಅಕ್ಕಯಮ್ಮ ಅಲ್ಲಿ ಅರ್ಜಿ ಕೊಡುವುದೆಂದು ತೀರ್ಮಾನಿಸಿದಳು. ಅರ್ಜಿಗೆ ಸಾಕ್ಷಿ ಬೇಕಲ್ಲ. ಆ ನಾಲ್ಕು ಕಲ್ಲು ನೆಟ್ಟವರಲ್ಲಿ ಬದುಕಿದ್ದವನು ನಾರಾಯಣಪ್ಪ ಒಬ್ಬನೇ. ಕಲ್ಲು ಇದ್ದ ಜಾಗ ಇದು ಎಂದು ಅವನು ತೋರಿಸಿದರೆ ಸಾಕಿತ್ತು.

ಅವಳು ಹೋದಾಗ ಅವನು ಜಗಲಿಯಲ್ಲಿ ನೋಟುಬುಕ್ಕಿಗೆ ಗೆರೆ ಎಳೆಯುತ್ತಿದ್ದ.

"ನಾರಾಯಣಣ್ಣ, ಅವತ್ತು ಸರಪಣಿ ಹಿಡ್ದಿದ್ದು ನೀನೇ ಅಲ್ವಾ?"

"ಹಿಡ್ದಿದ್ದೆ."

"ಕಲ್ಲು ನೆಟ್ಟಿದ್ದೂ ನೀನೇ?"

"ನೆಟ್ಟಿದ್ದೆ. ಆದ್ರೆ ನಿಂದು ತೊಂಬತ್ತೊಂದನೇ ನಂಬ್ರು ಕಣಮ್ಮ. ಮೊನ್ನೆ ಹಾಕಿಸ್ದೆ. ಅಲ್ಲಿ ಕೆರೆ ಐತೆ."

"ಕೆರೆಯಾ?"

"ದೊಡ್ಡ ಕೆರೆ. ಈ ಕಡೆ ದಡದಿಂದ ಆ ಕಡೆ ದಡ ಕಾಣಲ್ಲ."

"ಆ ಕೆರೇಲಿ ರಾಗಿ ಬೆಳ್ದು ಪ್ರತಿ ವರ್ಷ ನಿನ್ನ ಮನೆಗೂ ನಾಕು ಸೇರು ಕೊಟ್ಟಿದೀನಲ್ಲಣ್ಣ."

"ಅದು ನಿನ್ನ ತಪ್ಪು," ಎಂದ ನಾರಾಯಣಪ್ಪ. "ಕೆರೇಲಿ ರಾಗಿ ಹಾಕ್ಬಾರ್ದು."

ಅವಳು ಅವನ ಕಾಲು ತೋರಿಸಿ, ಈ ಕಾಲಿನ ಮೇಲೆ ನಿಂತು ಅಳೆಯಲಿಲ್ಲವೇ ಎಂದಳು. ಕಾಲು ತಪ್ಪಬಹುದು, ಕಣ್ಣು ತಪ್ಪಬಹುದು, ಮಿಶಿನ್ನು ತಪ್ಪುವುದಿಲ್ಲ ಎಂದ. ತಾನು ಅಂದು ನೀರಿನ ಮೇಲೆ ಕಲ್ಲು ನೆಟ್ಟಿರಬೇಕು, ಬಿಸಿಲಿಗೆ ತಿಳಿದಿಲ್ಲ ಎಂದೂ ಸೇರಿಸಿದ. ನಾಯಿಗೆ ಕೂಡ ತಾನು ಎಲ್ಲಿ ಮೂಳೆ ಹೂತಿದ್ದೆ ಎಂಬುದರಲ್ಲಿ ನಂಬಿಕೆ ಇರುತ್ತದೆ. ಈ ಮನುಷ್ಯನಿಗೆ ಬದುಕಿನಲ್ಲಿ ಒಂದೇ ಒಂದು ವಿಷಯ ಸರಿಯಾಗಿ ಗೊತ್ತಿತ್ತು, ಅದನ್ನು ಒಂದು ಟಿ.ವಿ. ಪೆಟ್ಟಿಗೆಯ ಮುಂದೆ ಇಳಿಸಿ ಕೈಮುಗಿದು ಬಂದಿದ್ದ.

ಕೆರೆಯ ಸುದ್ದಿ ಪಾಪಯ್ಯನಿಗೆ ಮುಟ್ಟಲು ಎಷ್ಟು ಹೊತ್ತು ಬೇಕು? ಅದೇ ಸಂಜೆ ಒಂದು ಕಟ್ಟು ಬೀಡಿ ತಂದು ನಾರಾಯಣಪ್ಪನ ಮುಂದಿಟ್ಟು, ಜಮಾಬಂದಿಗೆ ನೀನು ನನ್ನ ಕಡೆ ಬರಬೇಕು, ಆ ಕೆರೆಯ ನಕ್ಷೆ ದೊಡ್ಡವರಿಗೆ ತೋರಿಸಬೇಕು ಎಂದು ಕೈಹಿಡಿದುಕೊಂಡ. ಜೀವಮಾನದಲ್ಲಿ ಯಾರೂ ನಾರಾಯಣಪ್ಪನ ಕೈ ಹಾಗೆ ಹಿಡಿದಿರಲಿಲ್ಲ. ನ್ಯಾಯ ಯಾವ ಕಡೆಯೋ ಆ ಕಡೆ ಬರುತ್ತೇನೆ ಎಂದ, ಬೀಡಿ ಕಟ್ಟನ್ನು ಮಾತ್ರ ಆಗಲೇ ಒಳಗಿಟ್ಟ. ಮಾರನೆಯ ದಿನ ಬಾವಿಯ ಹತ್ತಿರ ಪಾಪಯ್ಯ ಎಲ್ಲರಿಗೂ ಕೇಳುವಂತೆ ಹೇಳಿದ:

"ಅಕ್ಕಯಮ್ಮಕ್ಕಾ, ಬಂಡಿ ಮಾರ್ಬುಟ್ಟು ಒಂದು ದೋಣಿ ತಗೋ."

ನಕ್ಕವರಲ್ಲಿ ಅವಳಿಂದ ರಾಗಿ ಕಡ ಒಯ್ದವರು ಮೂವರಿದ್ದರು.

ಅಕ್ಕಯಮ್ಮ ಅತ್ತಳೋ ಇಲ್ಲವೋ ನನಗೆ ಗೊತ್ತಿಲ್ಲ. ಮಾರನೆಯ ಬೆಳಿಗ್ಗೆ ಮೊದಲ ಬಸ್ಸಿಗೆ ಹೊಸೂರಿಗೆ ಹೋದಳು. ಚಿನ್ನಸ್ವಾಮಿಗೆ ಅವಳನ್ನು ನೋಡಿಯೇ ಮುಖ ಸಣ್ಣದಾಯಿತು. ಅದು ಬರೀ ಆಟ ಕಣಕ್ಕಾ, ಮಾವನಿಗೆ ನೂರು ಸಲ ಹೇಳಿದೀನಿ, ಕೇಳೋದಿಲ್ಲ ಎಂದ. ಅವನಿಗೆ ಹೇಳುವುದು ಬೇಡ, ನನಗೆ ತೋರಿಸು ಎಂದು ಅವಳು ಸ್ಟೂಲು ಎಳೆದುಕೊಂಡು ಕೂತಳು. ತೊಂಬತ್ತೊಂದು ಒತ್ತಿದ. ನಿಜವಾಗಿಯೂ ಕೆರೆಯೇ ಬಂತು. ಅವಳು ಸ್ವಲ್ಪ ಹೊತ್ತು ಆ ಕೆರೆಯನ್ನು ನೋಡಿದಳು.

"ತೊಂಬತ್ತೆರಡಕ್ಕೆ?"

ತೊಂಬತ್ತೆರಡಕ್ಕೆ ಕಾಡು. ತೊಂಬತ್ತಮೂರಕ್ಕೆ ಬರೀ ಬೆಟ್ಟ.

"ದಾರಿ ಯಾವ ನಂಬ್ರಿಗೆ ಬತ್ತದಪ್ಪಾ?"

"ಯಾವ್ದಕ್ಕಾದ್ರೂ ಬಂದೇ ಬತ್ತದೆ. ಹುಡುಕ್ಬೇಕು ಅಷ್ಟೆ."

"ಸಿಕ್ಕಿದ್ಮೇಲೆ ನಾಳೆ ಹಾಕಿದ್ರೂ ಅದೇ ಬತ್ತದಾ?"

"ನಾಳೆ ಅಲ್ಲ, ಹತ್ತು ವರ್ಷ ಬಿಟ್ಟು ಹಾಕಿದ್ರೂ ಅದೇ."

ಅಲ್ಲಿಗೆ ಅವಳಿಗೆ ಆಟ ಪೂರ್ತಿ ಅರ್ಥವಾಯಿತು. ಮೂವತ್ತು ವರ್ಷ ಸರ್ಕಾರಿ ಸಂಬಳ ತಿಂದವನಿಗೆ ಮೂರು ತಿಂಗಳಲ್ಲಿ ಆಗದ್ದು, ಸಹಿ ಹಾಕಲು ಬಾರದವಳಿಗೆ ಮೂರು ಮಾತಿನಲ್ಲಿ ಆಯಿತು.

ಆಮೇಲೆ ನಡೆದದ್ದು ಜವಳಿ ಅಂಗಡಿಯ ವ್ಯಾಪಾರ. ಚಿನ್ನಸ್ವಾಮಿ ದೇಶಗಳನ್ನು ಒಂದೊಂದಾಗಿ ಬಿಚ್ಚಿ ಹರಡುತ್ತಿದ್ದ, ಅಕ್ಕಯಮ್ಮ ಬೇಡ ಎಂದು ತಳ್ಳುತ್ತಿದ್ದಳು. ಇದರಲ್ಲಿ ಬೆಟ್ಟ ಜಾಸ್ತಿ. ಇದರಲ್ಲಿ ದಾರಿ ಇದೆ, ಆದರೆ ಹಾವಿನ ಹಾಗೆ ಸೊಟ್ಟ. ಇದು ಚೆನ್ನಾಗಿದೆ, ಆದರೆ ಹೊಳೆ ಅಡ್ಡ ಬಂತು, ಪಾಪಯ್ಯ ಮತ್ತೆ ದೋಣಿ ಅನ್ನುತ್ತಾನೆ. ತನಗೆ ಗೊತ್ತಿದ್ದ ನಂಬರುಗಳನ್ನೆಲ್ಲ ಹೇಳಿದಳು. ಗಂಡ ಸತ್ತ ಇಸವಿಗೆ ದ್ವೀಪ ಬಂತು. ಮನೆ ನಂಬರಿಗೆ ಏಳು ಕೋಟೆ ಬಂದವು. ರೇಷನ್ ಕಾರ್ಡಿನ ನಂಬರಿಗೆ ಮರಳುಗಾಡು ಬಂತು. ಮಿಶಿನ್ನು ಇದೊಂದನ್ನು ಸರಿಯಾಗಿ ಹೇಳಿತು ಎಂದಳು. ಟೈಪಿಂಗ್ ಕಲಿಯಲು ಬಂದ ಹುಡುಗಿಯರು ಕೆಲಸ ಬಿಟ್ಟು ಸುತ್ತ ನಿಂತು, ಇದನ್ನು ತಗೊಳ್ಳಿ ಅಕ್ಕಾ, ಕಾಡಿನ ಅಂಚು ಚೆನ್ನಾಗಿದೆ ಎಂದು ಸಲಹೆ ಕೊಟ್ಟರು. ಆ ಮಧ್ಯಾಹ್ನದೊಳಗೆ ಅವಳು ಬೇಡವೆಂದ ರಾಜ್ಯಗಳನ್ನು ಒಟ್ಟುಗೂಡಿಸಿದ್ದರೆ ಯಾವ ಚಕ್ರವರ್ತಿಯೂ ಅಷ್ಟು ಆಳಿರಲಾರ.

ನಂಬರುಗಳೆಲ್ಲ ಮುಗಿದ ಮೇಲೆ ಸೊಂಟದ ಚೀಲದಿಂದ ಬೆಳಿಗ್ಗೆಯ ಬಸ್ಸಿನ ಟಿಕೆಟ್ಟು ತೆಗೆದು ಕೊಟ್ಟಳು. ಮೂರು ಸಾವಿರದ ಮುನ್ನೂರ ಹದಿನೆಂಟು. ಚಿನ್ನಸ್ವಾಮಿ ಒತ್ತಿದ. ಉತ್ತರಕ್ಕೆ ಬಂಡೆ, ನಡುವೆ ಬಯಲು, ಬಯಲಿನ ಅಂಚಿನಲ್ಲಿ ದಾರ ಹಿಡಿದು ಎಳೆದಂತೆ ನೆಟ್ಟಗೆ ಒಂದು ದಾರಿ. ದಾರಿಯ ಕೊನೆಗೆ ಒಂದು ಹೊಳೆ, ಹೊಳೆಯಾಚೆ ಒಂದು ಕೋಟೆ ಇತ್ತು. ಅಷ್ಟು ಇರಲಿ ಎಂದು ಅಕ್ಕಯಮ್ಮ ಒಪ್ಪಿಕೊಂಡಳು. ಎರಡು ಸಲ ಕರೆಂಟು ಆರಿಸಿ ಹಾಕಿಸಿ, ಎರಡು ಸಲವೂ ಅದೇ ದಾರಿ ಬರುವುದನ್ನು ನೋಡಿ, ಟಿಕೆಟ್ಟನ್ನು ಚೀಲಕ್ಕೆ ಹಾಕಿಕೊಂಡು ಊರಿಗೆ ಹೊರಟಳು.

ಎರಡು ದಿನ ಸುಮ್ಮನಿದ್ದು ಆಮೇಲೆ ನಾರಾಯಣಪ್ಪನ ಜಗಲಿಗೆ ಹೋದಳು. ದಾರಿಯ ಮಾತೇ ಎತ್ತಲಿಲ್ಲ. ಕೆರೆಯೇ ಇದ್ದಿರಬೇಕು ಬಿಡಣ್ಣಾ, ದೇವರ ಇಚ್ಛೆ ಎಂದು ನಿಟ್ಟುಸಿರು ಬಿಟ್ಟಳು. ಎದ್ದು ಹೊರಡುವಾಗ ತಿರುಗಿ, ಒಂದು ಸಂಶಯ ಎಂದಳು.

"ನಮ್ಮ ಮಾವ ಸಾಯೋಕೆ ಮುಂಚೆ ಒಂದ್ಮಾತು ಹೇಳ್ತಿದ್ರಣ್ಣಾ. ತೊಂಬತ್ತೊಂದು ಹೊಸ ನಂಬ್ರು, ಬ್ರಿಟಿಷ್ನೋರ ಕಾಲದ ಹಳೇ ನಂಬ್ರು ಬೇರೆ ಐತೆ ಅಂತ. ಮೂರು ಸಾವ್ರದ ಮುನ್ನೂರ ಹದ್ನೆಂಟು ಅಂದಂಗೆ ನೆಪ್ಪು. ಅದ್ರ ಅರ್ಥ ನಂಗೇನು ತಿಳೀತದೆ."

ಸುಳ್ಳು ಹೇಳುವುದು ತಪ್ಪು. ಅಡುಗೆಯಲ್ಲಿ ಮಣ್ಣು ಬೀಳುವುದೂ ತಪ್ಪು, ಆದರೆ ಮಡಕೆ ಮಾಡುವುದು ಮಣ್ಣಿನಿಂದಲೇ. ಸರ್ವೆ ಇಲಾಖೆಯಲ್ಲಿ ಹಳೆಯ ನಂಬರು ಎಂದರೆ ಮೂಲವಿಗ್ರಹ ಇದ್ದಂತೆ, ಹೊಸ ನಂಬರು ಬರೀ ಉತ್ಸವಮೂರ್ತಿ. ನಾರಾಯಣಪ್ಪ ಮಾರನೆಯ ದಿನದ ಬಸ್ಸಿಗೆ ಕಾಯಲಿಲ್ಲ, ಅದೇ ಮಧ್ಯಾಹ್ನ ಹಾಲಿನ ಲಾರಿ ಹತ್ತಿ ಹೊಸೂರಿಗೆ ಹೋದ. ಸಂಜೆ ವಾಪಸ್ಸು ಬಂದವನು ನೇರ ಅಕ್ಕಯಮ್ಮನ ಮನೆಯ ಮುಂದೆ ನಿಂತು, ದಾರಿ ಸಿಕ್ಕಿತು, ತಪ್ಪು ನಂಬರಿನದು, ತನ್ನದಲ್ಲ, ಮಿಶಿನ್ನಿನದೂ ಅಲ್ಲ ಎಂದು ಬೀದಿಗೆ ಕೇಳುವಂತೆ ಘೋಷಿಸಿದ. ಪಾಪಯ್ಯನ ಬೀಡಿ ಅಷ್ಟರಲ್ಲಿ ಮುಗಿದಿತ್ತು.

ಜಮಾಬಂದಿಯ ದಿನ ಪಾಪಯ್ಯ ಹೊಸ ಪಂಚೆ ಉಟ್ಟು ಬಂದಿದ್ದ. ಅಧಿಕಾರಿ ತಮಿಳರು, ಕನ್ನಡ ಅರ್ಥವಾಗುತ್ತಿತ್ತು. ಅಕ್ಕಯಮ್ಮನ ಅರ್ಜಿ ಓದಿ ಸಾಕ್ಷಿ ಎಲ್ಲಿ ಎಂದರು. ನಾರಾಯಣಪ್ಪ ಮುಂದೆ ಬಂದು, ನಾಲ್ಕು ಹಾಳೆ ಅಂಟಿಸಿ ಬಣ್ಣ ಹಾಕಿದ್ದ ನಕ್ಷೆಯನ್ನು ಮೇಜಿನ ತುಂಬ ಹರಡಿದ. ಅಧಿಕಾರಿಗಳ ಕಾಫಿ ಲೋಟ ಹೊಳೆಯ ಮೇಲೆ ಬಂತು.

"ಎನ್ನಯ್ಯಾ, ಏನಿದು?" ಎಂದರು ಅವರು, ಬೆರಳಿಟ್ಟು.

ಕೋಟೆ ಎಂದ ನಾರಾಯಣಪ್ಪ. ಇಲ್ಲಿರುವ ಚುಕ್ಕೆಗಳು ಏನೆಂದರೆ, ಶತ್ರುಗಳ ದಂಡು ಎಂದ. ಕಚೇರಿಯ ಗುಮಾಸ್ತರು ಒಬ್ಬೊಬ್ಬರಾಗಿ ಎದ್ದು ಬಂದು ನೋಡತೊಡಗಿದರು. ಪಾಪಯ್ಯ ಸಂತೋಷ ತಡೆಯಲಾರದೆ ಪಕ್ಕದವನ ಭುಜ ಹಿಡಿದುಕೊಂಡ. ಅಕ್ಕಯಮ್ಮ ಗೋಡೆಗೆ ಒರಗಿ ನಿಂತಿದ್ದಳು. ಅವಳ ಎರಡು ಎಕರೆ ಆ ಕಾಫಿ ಲೋಟದ ಪಕ್ಕದಲ್ಲಿ ಅಲುಗಾಡುತ್ತಿತ್ತು.

ಅಧಿಕಾರಿ ಕೆಟ್ಟವರಾಗಿದ್ದರೆ ಅಲ್ಲಿಗೇ ಅರ್ಜಿ ಮುಗಿಯುತ್ತಿತ್ತು, ಒಳ್ಳೆಯವರಾಗಿದ್ದರೂ ಮುಗಿಯುತ್ತಿತ್ತು. ಅವರಿಗೆ ಬೇಸರವಾಗಿತ್ತು, ಅಷ್ಟೆ. ಬೆಳಿಗ್ಗೆಯಿಂದ ಅರ್ಜಿ ಕೇಳಿ ಕೇಳಿ ಸಾಕಾದವರು ಇನ್ನು ಸ್ವಲ್ಪ ಹೊತ್ತು ಈ ತಮಾಷೆ ನಡೆಯಲಿ ಎಂದುಕೊಂಡರೋ ಏನೋ, ನಕ್ಷೆ ಪಕ್ಕಕ್ಕಿರಲಿ, ನಿನಗೆ ಈ ದಾರಿ ಹೇಗೆ ಗೊತ್ತು ಎಂದು ಕೇಳಿದರು.

"ನಾನೇ ಸ್ವಾಮಿ ಕಲ್ಲು ನೆಟ್ಟೋನು. ಎಪ್ಪತ್ತೊಂದ್ರಾಗೆ."

"ಕಲ್ಲು ಈಗ ಇಲ್ಲವಲ್ಲ?"

"ಕಲ್ಲು ಇಲ್ದಿದ್ರೆ ಇದ್ಲು ಐತೆ. ಒಂದೊಂದ್ರ ಕೆಳಗೂ ಒಂದು ಬೊಗ್ಸೆ ಹಾಕಿದೀನಿ. ಮೊದ್ಲನೇದು ಹುಣ್ಸೆಮರದ ಬುಡದಿಂದ ನಲವತ್ತೆರಡು ಕೊಂಡಿ, ಎರಡಡಿ ಆಳ. ಎರಡನೇದು ಅಲ್ಲಿಂದ ನೂರಾ ಆರು."

ಅಧಿಕಾರಿ ಲೋಟ ಎತ್ತಿ ಕೆಳಗಿಟ್ಟರು. ಪಾಪಯ್ಯ ಪಕ್ಕದವನ ಭುಜ ಬಿಟ್ಟ. ತಾನು ಕಿತ್ತ ಕಲ್ಲುಗಳ ಕೆಳಗೆ ಮಣ್ಣಿನಲ್ಲಿ ಇನ್ನೂ ಏನೋ ಇತ್ತು ಎಂಬುದು ಅವನಿಗೆ ಆಗಲೇ ಮೊದಲು ತಿಳಿದದ್ದು.

ವಾರದೊಳಗೆ ಸರ್ವೆಯರು ಬಂದು ಊರವರ ಮುಂದೆ ಅಗೆಸಿದರು. ನಾರಾಯಣಪ್ಪ ನೋಟುಬುಕ್ಕು ಕಂಕುಳಲ್ಲಿ ಇರುಕಿಕೊಂಡು, ಅದನ್ನು ಒಮ್ಮೆಯೂ ತೆರೆಯದೆ, ಹೆಜ್ಜೆ ಹಾಕಿ ನಿಂತು ಇಲ್ಲಿ ಎಂದ. ಎರಡಡಿಗೆ ಮಣ್ಣು ಕಪ್ಪಾಯಿತು. ಇದ್ದಿಲು, ಮಡಕೆಚೂರು. ಎರಡನೆಯದು, ಮೂರನೆಯದು, ನಾಲ್ಕನೆಯದು, ಎಲ್ಲವೂ ಅವನು ಹೇಳಿದ ಜಾಗದಲ್ಲೇ, ಒಂದು ಗೇಣು ಆಚೀಚೆ ಇಲ್ಲ. ಪಾಪಯ್ಯನ ಕೈಯಲ್ಲೇ ಬೇಲಿ ಕೀಳಿಸಿ, ಕೊಟ್ಟಿಗೆಯ ಕಲ್ಲುಗಳನ್ನು ಹೊರಿಸಿ ತರಿಸಿದರು. ಸಗಣಿ ಮೆತ್ತಿದ್ದ ಕಡೆ ತೊಳೆದು ನೆಟ್ಟರು.

ಸರ್ವೆಯರು ನಾರಾಯಣಪ್ಪನ ಬೆನ್ನು ತಟ್ಟಿ, ಎಂಥ ನೆನಪಪ್ಪ ನಿಂದು ಎಂದರು. ಬದುಕಿನಲ್ಲಿ ಒಮ್ಮೆ ಯೋಗ್ಯವಾದ ಹೊಗಳಿಕೆ ಮನೆ ಬಾಗಿಲಿಗೆ ಬಂದಿತ್ತು. ಅವನು ಅದನ್ನು ತೆಗೆದುಕೊಳ್ಳಲಿಲ್ಲ. ನೆನಪಲ್ಲ ಸ್ವಾಮಿ, ಮಿಶಿನ್ನು, ನಂಬರು ಸರಿಯಾಗಿ ಹಾಕಬೇಕು ಅಷ್ಟೆ ಎಂದು ಅವರ ಕೈಗೆ ನಕ್ಷೆ ಕೊಡಲು ಹೋದ. ಅವರು ಜೀಪು ಹತ್ತಿದರು. ಮೂರನೆಯ ದಿನ ಪಾಪಯ್ಯನೇ ಅವನ ಜಗಲಿಗೆ ಬಂದು, ಎರಡು ಕಟ್ಟು ಬೀಡಿ ಇಟ್ಟು, ತನ್ನ ಹೊಲಕ್ಕೂ ಒಂದು ಹಳೆಯ ನಂಬರು ಹುಡುಕಿಕೊಡಬೇಕೆಂದು ಕೇಳಿದ. ಮನುಷ್ಯರ ಮೇಲೆ ನನಗಿದ್ದ ಅಲ್ಪಸ್ವಲ್ಪ ಗೌರವ ಹೋದದ್ದು ಆ ವಾರ.

ಕಾರ್ತಿಕ ಕಳೆದು ರಾಗಿ ಕೊಯ್ಲಾಯಿತು. ಅಕ್ಕಯಮ್ಮ ಬಂಡಿಗೆ ಹೊರೆ ಏರಿಸಿ, ಹಗ್ಗ ಬಿಗಿದು, ತಾನೇ ಮೂಗುದಾರ ಹಿಡಿದು ದಾರಿಗೆ ಇಳಿದಳು. ದಾರಿಯ ನಡುವೆ ನಾರಾಯಣಪ್ಪ ನಿಂತಿದ್ದ. ನಕ್ಷೆಯನ್ನು ಎರಡೂ ಕೈಯಲ್ಲಿ ಅಗಲಿಸಿ ಹಿಡಿದು, ಒಮ್ಮೆ ಕಾಗದ ನೋಡುತ್ತ ಒಮ್ಮೆ ಬಂಡೆ ನೋಡುತ್ತ, ಇಲ್ಲೇ ಎಲ್ಲೋ ಹೊಳೆ ಬರಬೇಕು, ಹೊಳೆಯಾಚೆ ಕೋಟೆ, ದಾರಿ ಬಂದಮೇಲೆ ಅವೂ ಬರಲೇಬೇಕಲ್ಲ ಎಂದು ಗೊಣಗುತ್ತಿದ್ದ. ಎತ್ತುಗಳು ಅವನ ಬೆನ್ನ ಹಿಂದೆ ಬಂದು ನಿಂತು ಉಸಿರುಬಿಟ್ಟವು. ಅವನು ತಿರುಗಲಿಲ್ಲ.

"ನಾರಾಯಣಣ್ಣ, ಬಂಡಿ ಬತ್ತೈತೆ," ಎಂದಳು ಅಕ್ಕಯಮ್ಮ. "ನಿನ್ನ ಹೊಳೇನ ಒಸಿ ಅತ್ಲಾಗೆ ಎತ್ತಿಟ್ಕೋ."

ಅವನು ನಕ್ಷೆಯನ್ನು ಜೋಪಾನವಾಗಿ ಸುತ್ತಿ, ಕಲ್ಲು ದಾಟಿ ಪಾಪಯ್ಯನ ಹೊಲದೊಳಕ್ಕೆ ಸರಿದು ನಿಂತ. ಬಂಡಿ ಹೋಯಿತು.